ಹಳೆಯ ಪಿಎಫ್ ಹಣ ತೆಗೆಯುವ ಮುನ್ನ

ಕಳೆದ ವಾರ ಒಬ್ಬ ಯುವತಿ ಎರಡು ಪಿಎಫ್ ಪಾಸ್‌ಬುಕ್‌ಗಳ ಮುದ್ರಿತ ಪ್ರತಿಗಳನ್ನು ನನ್ನ ಮೇಜಿನ ಮೇಲೆ ಹರಡಿ ಕುಳಿತರು. ಮೊದಲ ಕಂಪನಿಯಲ್ಲಿ ಮೂರು ವರ್ಷ ಎರಡು ತಿಂಗಳು, ಎರಡನೆಯದರಲ್ಲಿ ಎರಡು ವರ್ಷ ನಾಲ್ಕು ತಿಂಗಳು. ಎರಡನೆಯ ಖಾತೆಯ ಹಣ ತೆಗೆದಾಗ ಶೇ 10ರಷ್ಟು ಟಿಡಿಎಸ್ (ಹಣ ಕೈಸೇರುವ ಮುನ್ನವೇ ಹಿಡಿದುಕೊಳ್ಳುವ ತೆರಿಗೆ) ಕಡಿತವಾಗಿತ್ತು. ‘ಒಟ್ಟು ಐದು ವರ್ಷ ದಾಟಿದೆಯಲ್ಲ, ಸರ್?’ ಎಂದು ಕೇಳಿದರು.

ದಾಟಿದೆ, ಆದರೆ ಎರಡು ತುಂಡಾಗಿ. ಐದು ವರ್ಷ ಸತತ ಸೇವೆ ಪೂರೈಸಿದವರ ಪಿಎಫ್ ಹಣಕ್ಕೆ ತೆರಿಗೆಯಿಲ್ಲ. ಹಿಂದಿನ ಕಂಪನಿಯ ಸೇವೆಯೂ ಆ ಲೆಕ್ಕಕ್ಕೆ ಸೇರುತ್ತದೆ. ಅಲ್ಲಿನ ಹಣವನ್ನು ಹೊಸ ಕಂಪನಿಯ ಖಾತೆಗೆ ವರ್ಗಾಯಿಸಿರಬೇಕು, ಅಷ್ಟೇ. ಇವರು ವರ್ಗಾಯಿಸಿರಲಿಲ್ಲ. ಯುಎಎನ್, ಅಂದರೆ ಕಂಪನಿ ಬದಲಾದರೂ ಬದಲಾಗದ ಪಿಎಫ್ ಗುರುತಿನ ಸಂಖ್ಯೆ, ಒಂದೇ ಇದ್ದುದರಿಂದ ಹಣವೂ ಒಂದಾಗಿದೆ ಎಂದುಕೊಂಡಿದ್ದರು. ಯುಎಎನ್ ಒಂದೇ ಆದರೂ ಪ್ರತಿ ಕಂಪನಿಗೂ ಬೇರೆ ಸದಸ್ಯ ಸಂಖ್ಯೆ ಇರುತ್ತದೆ. ದಯವಿಟ್ಟು ಪಾಸ್‌ಬುಕ್ ತೆರೆದು, ಹಳೆಯ ಸಂಖ್ಯೆಯಲ್ಲಿ ಹಣ ಉಳಿದಿದೆಯೇ ಎಂದು ನೀವೇ ನೋಡಿ.

ಅನಾರೋಗ್ಯದಿಂದ ಕೆಲಸ ಹೋದರೆ ಅಥವಾ ಕಂಪನಿಯೇ ಮುಚ್ಚಿದರೆ ಐದು ವರ್ಷದ ಷರತ್ತು ಅನ್ವಯಿಸುವುದಿಲ್ಲ.

ಟಿಡಿಎಸ್ ಕಡಿತವಾಯಿತು ಎಂದರೆ ತೆರಿಗೆ ತೀರಿತು ಎಂದಲ್ಲ. ನನ್ನ ಬಳಿ ಬರುವವರಲ್ಲಿ ಹೆಚ್ಚಿನವರು ಎಡವುವುದು ಇಲ್ಲಿಯೇ. ಐದು ವರ್ಷಕ್ಕೆ ಮುನ್ನ ತೆಗೆದ ಹಣದಲ್ಲಿ ಕಂಪನಿ ಕಟ್ಟಿದ ಪಾಲು ಮತ್ತು ಅದರ ಬಡ್ಡಿ ಸಂಬಳದ ಆದಾಯಕ್ಕೆ ಸೇರುತ್ತವೆ. ನಿಮ್ಮ ಪಾಲಿನ ಬಡ್ಡಿ ಇತರ ಆದಾಯವಾಗುತ್ತದೆ. ನಿಮ್ಮ ಪಾಲಿಗೆ ಹಿಂದೆ 80ಸಿ (ಉಳಿತಾಯಕ್ಕೆ ಸಿಗುವ ತೆರಿಗೆ) ವಿನಾಯಿತಿ ಪಡೆದಿದ್ದರೆ ಆ ಮೊತ್ತಕ್ಕೂ ತೆರಿಗೆ ಬೀಳುತ್ತದೆ. ಶೇ 30ರ ಹಂತದಲ್ಲಿರುವವರು ಉಳಿದ ಶೇ 20ನ್ನು ರಿಟರ್ನ್ಸ್ ಸಲ್ಲಿಸುವಾಗ ಕೈಯಿಂದ ಕಟ್ಟಬೇಕು.

ಮೊತ್ತ 50,000 ರೂಪಾಯಿಗಿಂತ ಕಡಿಮೆಯಿದ್ದರೆ ಟಿಡಿಎಸ್ ಇಲ್ಲ, ಆದರೂ ಆದಾಯದಲ್ಲಿ ತೋರಿಸಲೇಬೇಕು. ಪ್ಯಾನ್ ಜೋಡಿಸದಿದ್ದರೆ ಕಡಿತ ಶೇ 20ಕ್ಕೆ ಏರುತ್ತದೆ. ಕೆಲಸ ಬಿಟ್ಟ ನಂತರ ಖಾತೆಗೆ ಸೇರುವ ಬಡ್ಡಿಗೂ ತೆರಿಗೆ ಉಂಟು ಎಂದು ಬೆಂಗಳೂರಿನ ಆದಾಯ ತೆರಿಗೆ ಮೇಲ್ಮನವಿ ನ್ಯಾಯಮಂಡಳಿ 2017ರಲ್ಲಿ ಹೇಳಿದೆ. ಹಳೆಯ ಖಾತೆಯನ್ನು ಸುಮ್ಮನೆ ಮಲಗಿಸಿಡುವುದೂ ಜಾಣತನವಲ್ಲ ಎಂದು ನಾನು ಪಟ್ಟು ಹಿಡಿದು ಹೇಳುವುದು ಇದಕ್ಕಾಗಿ.

ಆ ಯುವತಿಗೆ ಈಗ ಹೊಸ ಕೆಲಸ ಸಿಕ್ಕಿದೆ. ಮೊದಲ ಖಾತೆಯ ಹಣ ಹಾಗೆಯೇ ಇತ್ತು. ಅದನ್ನು ಹೊಸ ಕಂಪನಿಯ ಖಾತೆಗೆ ವರ್ಗಾಯಿಸುವ ಅರ್ಜಿಯನ್ನು ನನ್ನೆದುರೇ ಭರ್ತಿ ಮಾಡಿಸಿದೆ. ಆ ಮೂರು ವರ್ಷ ಎರಡು ತಿಂಗಳಾದರೂ ಅವರ ಲೆಕ್ಕಕ್ಕೆ ಉಳಿಯುತ್ತವೆ.