ಐದು ವರ್ಷದ ಮಗುವಿಗೆ ರೆಸಿಡೆನ್ಷಿಯಲ್ ಸ್ಕೂಲಿನ ಕಥೆ ಓದಬಹುದೇ?

ಕೆನಡಾದ ಮೂಲನಿವಾಸಿ ಮಕ್ಕಳನ್ನು ಮನೆಯಿಂದ ಬಿಡಿಸಿ, ಅವರ ಭಾಷೆ, ಪದ್ಧತಿಗಳನ್ನು ಮರೆಸಲು ನಡೆಸಿದ ವಸತಿ ಶಾಲೆಗಳೇ ರೆಸಿಡೆನ್ಷಿಯಲ್ ಸ್ಕೂಲುಗಳು. ಅಲ್ಲಿದ್ದ ಮಕ್ಕಳ ನೆನಪಿಗೆ ಪ್ರತಿ ಸೆಪ್ಟೆಂಬರಿನಲ್ಲಿ ಒಂದು ದಿನ ಕಿತ್ತಳೆ ಅಂಗಿ ತೊಡುತ್ತಾರೆ. ಸೆಪ್ಟೆಂಬರ್ ಬಂತೆಂದರೆ ಕೆನಡಾದ ಕನ್ನಡ ಮನೆಗಳಿಂದ ಈ ಪ್ರಶ್ನೆ ಬಂದೇ ಬರುತ್ತದೆ: “ಕಿತ್ತಳೆ ಅಂಗಿ ಹಾಕಿ ಕಳಿಸಿ ಅಂತ ಸ್ಕೂಲಿಂದ ಚೀಟಿ ಬಂದಿದೆ. ಮಗಳಿಗೆ ಐದು ವರ್ಷ. ಆ ಕಥೆಯನ್ನ ಈಗಲೇ ಹೇಳಬೇಕಾ? ಹೆದರಿಕೊಳ್ಳಲ್ವಾ?”

ಹೇಳಿ. ಹೋದ ವರ್ಷವೂ ಇದೇ ಉತ್ತರ ಕೊಟ್ಟಿದ್ದು.

“ದೊಡ್ಡವಳಾದ ಮೇಲೆ ತಾನೇ ತಿಳ್ಕೋತಾಳೆ ಬಿಡಿ” ಎಂಬ ಮಾತು ಎಷ್ಟು ಸಲ ಹೇಳಿದರೂ ಅಳಿಯುತ್ತಿಲ್ಲ. 1973ರಲ್ಲಿ ಬ್ರಿಟಿಷ್ ಕೊಲಂಬಿಯಾದ ವಿಲಿಯಮ್ಸ್ ಲೇಕ್ ಬಳಿಯ ಇಂಥ ಶಾಲೆಯಲ್ಲಿ, ಅಜ್ಜಿ ಕೊಡಿಸಿದ್ದ ಕಿತ್ತಳೆ ಅಂಗಿಯನ್ನು ಫಿಲಿಸ್ ವೆಬ್‌ಸ್ಟಾಡ್ ಅವರಿಂದ ಕಿತ್ತುಕೊಂಡಾಗ ಆಕೆಗೆ ಬರೀ ಆರು ವರ್ಷ; ಕಿತ್ತಳೆ ಅಂಗಿಯ ದಿನ ಹುಟ್ಟಿದ್ದೇ ಆ ಕಥೆಯಿಂದ. ಮೂಲನಿವಾಸಿ ಮಕ್ಕಳನ್ನು ಬಲವಂತವಾಗಿ ಸೇರಿಸಲು 1920ರ ಕಾನೂನು ಗೊತ್ತುಮಾಡಿದ್ದೇ 7ರಿಂದ 15ರ ವಯಸ್ಸು. ಅನುಭವಿಸಲು ಸಾಕಾದ ವಯಸ್ಸು ಕೇಳಲು ಸಾಲದೇ? ಈ ಶಾಲೆಗಳ ಬಗ್ಗೆ ಆರು ಸಾವಿರಕ್ಕೂ ಹೆಚ್ಚು ಜನರ ಮಾತು ಕೇಳಿದ ಕೆನಡಾದ ಸತ್ಯ ಮತ್ತು ಸಾಮರಸ್ಯ ಆಯೋಗ 2015ರಲ್ಲಿ ಕೊಟ್ಟ 94 ಶಿಫಾರಸುಗಳಲ್ಲಿ 62ನೆಯದನ್ನು ನೋಡಿ: ಈ ಪಾಠ ಕಿಂಡರ್‌ಗಾರ್ಟನ್ನಿನಿಂದಲೇ, ವಯಸ್ಸಿಗೆ ತಕ್ಕಂತೆ, ಕಡ್ಡಾಯವಾಗಿ ಇರಬೇಕು.

ವಯಸ್ಸಿಗೆ ತಕ್ಕಂತೆ ಅಂದರೆ ಹೇಗೆ? ಡೇವಿಡ್ ರಾಬರ್ಟ್‌ಸನ್ ಬರೆದು ಜೂಲಿ ಫ್ಲೆಟ್ ಚಿತ್ರ ಬಿಡಿಸಿದ ‘ವೆನ್ ವಿ ವರ್ ಅಲೋನ್’ (2016) ತೆರೆಯಿರಿ. ಮೊಮ್ಮಗಳು ಅಜ್ಜಿಯನ್ನು ಕೇಳುತ್ತಾಳೆ: ನೀನು ಯಾಕೆ ಇಷ್ಟು ಬಣ್ಣಬಣ್ಣದ ಬಟ್ಟೆ ಹಾಕ್ತೀಯ? ಶಾಲೆಯಲ್ಲಿ ಎಲ್ಲರಿಗೂ ಒಂದೇ ಥರದ ಬಟ್ಟೆ, ಬಣ್ಣವೇ ಇರಲಿಲ್ಲ ಎನ್ನುತ್ತಾಳೆ ಅಜ್ಜಿ. ಅಷ್ಟಕ್ಕೇ ನಿಲ್ಲಿಸುವುದಿಲ್ಲ. ಯಾರೂ ಇಲ್ಲದಾಗ ಮಕ್ಕಳು ಉದುರಿದ ಎಲೆಗಳನ್ನು ಮೈತುಂಬ ಹೊದ್ದುಕೊಂಡು ಬಣ್ಣ ತಂದುಕೊಳ್ಳುತ್ತಿದ್ದರು. ಜಡೆ ಕತ್ತರಿಸಿದರು; ಮಕ್ಕಳು ಉದ್ದನೆಯ ಹುಲ್ಲನ್ನು ಮೋಟುಗೂದಲಿಗೆ ಸೇರಿಸಿ ಹೆಣೆದುಕೊಂಡರು. ಪ್ರತಿ ನೋವಿನ ಬೆನ್ನಿಗೇ ಮಕ್ಕಳ ಜಾಣತನ ಬರುತ್ತದೆ. ಮಗುವಿಗೆ ಹಿಡಿದುಕೊಳ್ಳಲು ಅದು ಸಾಕು.

ಎಡವುವವರು ಓದುವ ದೊಡ್ಡವರು. ಮೊದಲು ನೀವೊಬ್ಬರೇ ಒಮ್ಮೆ ಓದಿ. ಮಲಗಿಸುವ ಹೊತ್ತಿಗೆ ಬೇಡ, ಹಗಲಲ್ಲಿ ಓದಿ. ಪ್ರಶ್ನೆಗಳು ಗಂಟೆ ಕಳೆದ ಮೇಲೆ ಬರುತ್ತವೆ. ಈ ಶಾಲೆಗಳಿಗೆ ಹೋದವರು ಒಂದೂವರೆ ಲಕ್ಷ ಮಕ್ಕಳೆಂಬ ಲೆಕ್ಕ ಈಗಲೇ ಬೇಡ. “ಅದೆಲ್ಲ ಯಾವ ಕಾಲದ್ದೋ” ಎನ್ನಬೇಡಿ, ಕೊನೆಯ ಶಾಲೆಗಳು ಮುಚ್ಚಿದ್ದು 1990ರ ದಶಕದಲ್ಲಿ. “ನನ್ನನ್ನೂ ಕರ್ಕೊಂಡು ಹೋಗ್ತಾರಾ?” ಎಂದರೆ ತಡವರಿಸದೆ “ಇಲ್ಲ, ಆ ಕಾನೂನು ಈಗಿಲ್ಲ” ಎನ್ನಿ. ಇದೇ ವಿಷಯದ, ಶಿಕ್ಷೆಯ ದೃಶ್ಯಗಳಿರುವ ‘ಐ ಆ್ಯಮ್ ನಾಟ್ ಎ ನಂಬರ್’ ಪುಸ್ತಕ ಎಂಟು ವರ್ಷವಾಗುವವರೆಗೆ ಕಾಯಲಿ.

ಇನ್ನೊಂದನ್ನು ಯಾರೂ ಕೇಳಿಲ್ಲ, ಆದರೂ ಹೇಳಿಬಿಡುತ್ತೇನೆ. ‘ವೆನ್ ವಿ ವರ್ ಅಲೋನ್’ ಅನ್ನು ಕನ್ನಡದಲ್ಲಿ ಹೇಳುತ್ತಾ ಓದಿ. ಮೊಮ್ಮಗಳು ಅಜ್ಜಿಯನ್ನು ‘ನೋಕಮ್’ ಎನ್ನುತ್ತಾಳೆ. ಅವರ ಮೂಲನಿವಾಸಿ ಭಾಷೆಯಾದ ಕ್ರೀಯಲ್ಲಿ ಅದು ಬರೀ ಅಜ್ಜಿ ಅಲ್ಲ, ‘ನನ್ನಜ್ಜಿ’. ‘ನನ್ನ’ ಎಂಬುದು ಪದದೊಳಗೇ ಸೇರಿದೆ. ಅದನ್ನು ಬದಲಿಸಬೇಡಿ. ಮೊದಲ ಸಲ “ನೋಕಮ್ ಅಂದ್ರೆ ನನ್ನಜ್ಜಿ” ಎಂದು ಹೇಳಿ, ಮುಂದೆ ನೋಕಮ್ ಅಂತಲೇ ಓದಿ. ನೋಕಮ್ ಯಾಕೆ ಕ್ರೀಯಲ್ಲಿ ಮಾತಾಡುತ್ತಾಳೆ ಎಂಬ ಪುಟ ಬಂದಾಗ ಸ್ವಲ್ಪ ನಿಲ್ಲಿ. ಆ ಮಕ್ಕಳು ತಮ್ಮ ಮಾತನ್ನು ಯಾರಿಗೂ ಕೇಳದಂತೆ ಪಿಸುಗುಟ್ಟಿ ಉಳಿಸಿಕೊಂಡರು. ಕ್ರೀ ಮತ್ತು ಇಂಗ್ಲಿಷ್ ಎರಡೂ ಇರುವ ಆವೃತ್ತಿಯೂ ಬಂದಿದೆ, ಲೈಬ್ರರಿಯಲ್ಲಿ ಅದನ್ನೇ ಕೇಳಿ.