ನಾನು ಬರೆದ ಪುರಾತನ ಗ್ರಂಥ

ಮೊನ್ನೆ ನಾನೊಂದು ಪುರಾತನ ಗ್ರಂಥ ಬರೆದೆ. ಹೌದು, ನಾನೇ, ಒಂದು ಸಂಜೆ ಕೂತು. ಎಲ್ಲೋ ಗುಹೆಯಲ್ಲಿ ಓಲೆಗರಿ ಸಿಕ್ಕಿತು, ಅದರಲ್ಲಿ ಸಂಖ್ಯೆಗಳ ಮೂಲಕ ಪ್ರಜ್ಞೆಯ ಗುಟ್ಟು ಹೇಳಿದ್ದಾರೆ ಅಂತ ಸುದ್ದಿ ಆಗಾಗ ಓಡಾಡುತ್ತಿರುತ್ತದಲ್ವಾ? ಅಂಥದ್ದೊಂದನ್ನು ಕಟ್ಟುವುದು ಎಷ್ಟು ಕಷ್ಟ ನೋಡೋಣ ಅನ್ನಿಸಿತು. ಏನೂ ಕಷ್ಟವಿಲ್ಲ. ಮೂರೇ ಸಾಲು ಬರೆದೆ.

ಒಂಬತ್ತು ಎಲ್ಲಿ ಅಲೆದರೂ ಒಂಬತ್ತಕ್ಕೇ ಮರಳುವುದು, ಅರಿವೂ ಹಾಗೆಯೇ.
ಅರಿವಿನ ಮನೆಗೆ ಏಳು ಬಾಗಿಲು.
ನಾಲ್ಕನ್ನು ಕಣ್ಣು ಕಾಣುವುದು, ಐದನ್ನು ಮನಸ್ಸು ಎಣಿಸುವುದು.

ಒಬ್ಬ ಗೆಳೆಯನಿಗೆ ಕಳಿಸಿದೆ. ಸ್ವಲ್ಪ ಹೊತ್ತು ಬಿಟ್ಟು ಕೇಳಿದ, "ಇದು ಯಾವ ಶತಮಾನದ್ದು?"

ಅವನು ಮೊದಲು ಮರುಳಾದದ್ದು ಒಂಬತ್ತಕ್ಕೆ. ಆಗಲೇ ಲೆಕ್ಕ ಹಾಕಿ ನೋಡಿದ್ದ. 9×7 ಅಂದರೆ 63, 6 ಮತ್ತು 3 ಕೂಡಿದರೆ 9. 9×28 ಅಂದರೆ 252, ಮತ್ತೆ 9. 9×1234 ಅಂದರೆ 11106, ಆಗಲೂ 9. ಎರಡಂಕೆ ಬಂದರೆ ಇನ್ನೊಮ್ಮೆ ಕೂಡಿ, ಅಲ್ಲೂ ಅದೇ ಬರುತ್ತದೆ. ನೋಡಿದರೆ ಮೈ ಜುಮ್ಮೆನ್ನುತ್ತದೆ, ಸುಳ್ಳು ಹೇಳುವುದಿಲ್ಲ. ಆದರೆ ಇದು ಒಂಬತ್ತರ ಮಹಿಮೆ ಅಲ್ಲ, ನಾವು ಬರೆಯುವ ರೀತಿಯ ಮಹಿಮೆ. ಹತ್ತರ ಸ್ಥಾನದಲ್ಲಿರುವ 1ರ ಬೆಲೆ ಹತ್ತು. ಅದನ್ನು ಬರೀ ಒಂದು ಅಂತ ಕೂಡಿದಾಗ ನಾವು ಒಂಬತ್ತನ್ನು ಕೈಬಿಟ್ಟಿರುತ್ತೇವೆ. ನೂರರ ಸ್ಥಾನದಲ್ಲಾದರೆ ತೊಂಬತ್ತೊಂಬತ್ತನ್ನು. ಅಂಕೆಗಳನ್ನು ಕೂಡುವುದು ಅಂದರೆ ಗೊತ್ತಿಲ್ಲದೆಯೇ ಒಂಬತ್ತುಗಳನ್ನು ಎಸೆಯುತ್ತಾ ಹೋಗುವುದು. ಬರೀ ಒಂಬತ್ತುಗಳನ್ನು ಕೂಡಿಯೇ ಆದ ಸಂಖ್ಯೆಯಿಂದ ಎಷ್ಟು ಒಂಬತ್ತು ಎಸೆದರೂ ಕೊನೆಗೆ ಉಳಿಯುವುದು ಒಂಬತ್ತೇ.

ನಮಗೆ ಬೆರಳು ಹತ್ತು, ಅದಕ್ಕೇ ಹತ್ತರ ಲೆಕ್ಕ. ಎಂಟು ಕಾಲಿನ ಜೇಡ ಗ್ರಂಥ ಬರೆದಿದ್ದರೆ? ಅದು ಎಂಟನ್ನು 10 ಅಂತ ಬರೆಯುತ್ತಿತ್ತು. ಏಳೆರಡಲಿ ಹದಿನಾಲ್ಕು, ಅಂದರೆ ಒಂದು ಎಂಟು ಮತ್ತು ಆರು, ಜೇಡದ ಬರಹದಲ್ಲಿ 16. ಕೂಡಿದರೆ 7. ಏಳ್ಮೂರಲಿ ಇಪ್ಪತ್ತೊಂದು, ಅದು 25, ಮತ್ತೆ 7. ಜೇಡಗಳ ಲೋಕದಲ್ಲಿ ಪವಿತ್ರ ಸಂಖ್ಯೆ ಏಳು!

ಏಳು ಬಾಗಿಲಿನ ಸಾಲನ್ನು ನಾನು ಸುಮ್ನೆ ಬರೆದದ್ದು. ಅದಕ್ಕೆ ಅರ್ಥ ಹುಡುಕುವ ಕೆಲಸ ಓದುವವರು ಮಾಡುತ್ತಾರೆ ಅಂತ ಗೊತ್ತಿತ್ತು. ಗೆಳೆಯ ಮಾಡಿಯೂ ಬಿಟ್ಟ, ಏಳು ಸ್ವರ, ಏಳು ದಿನ, ಕಾಮನಬಿಲ್ಲಿನ ಏಳು ಬಣ್ಣ. ತಮಾಷೆ ಏನೆಂದರೆ ನ್ಯೂಟನ್ ಮೊದಲು ಹೇಳಿದ್ದು ಐದೇ ಮುಖ್ಯ ಬಣ್ಣ. ಆಮೇಲೆ ಸಂಗೀತದ ಸ್ವರಗಳಿಗೆ ಹೊಂದಲಿ ಅಂತ ಕಿತ್ತಳೆ ಮತ್ತು ಊದಾ ನೀಲಿ ಸೇರಿಸಿ ಏಳು ಮಾಡಿದ. ಬಿಲ್ಲಿನಲ್ಲಿ ಬಣ್ಣಗಳ ನಡುವೆ ಗೆರೆಗಳೇ ಇಲ್ಲ. ಗಣಿತಜ್ಞ ರಿಚರ್ಡ್ ಗೈ 1988ರಲ್ಲಿ ಇದಕ್ಕೊಂದು ನಿಯಮವನ್ನೇ ಹೇಳಿದರು: ಸಣ್ಣ ಸಂಖ್ಯೆಗಳಿಗೆ ಹಚ್ಚುವ ಕೆಲಸ ಜಾಸ್ತಿ, ಅಷ್ಟಕ್ಕೆಲ್ಲ ಸಾಕಾಗುವಷ್ಟು ಸಣ್ಣ ಸಂಖ್ಯೆಗಳಿಲ್ಲ. ಹಾಗಾಗಿ ಒಂದೇ ಸಂಖ್ಯೆ ಹತ್ತು ಕಡೆ ಕಾಣಿಸಿಕೊಳ್ಳಲೇಬೇಕು.

ಮೂರನೆಯ ಸಾಲು ಮಾತ್ರ ಬೇರೆ. ಅದು ನಿಜ.

1871ರಲ್ಲಿ ವಿಲಿಯಂ ಸ್ಟ್ಯಾನ್ಲಿ ಜೆವನ್ಸ್ ಅನ್ನುವವರು ಒಂದು ಪ್ರಯೋಗದ ಬಗ್ಗೆ ಬರೆದರು. ಕೈಗೆ ಬಂದಷ್ಟು ಕಾಳು ತೆಗೆದು ಪೆಟ್ಟಿಗೆಯತ್ತ ಚೆಲ್ಲುವುದು, ಎಷ್ಟು ಒಳಗೆ ಬಿದ್ದವು ಅಂತ ಒಂದೇ ನೋಟಕ್ಕೆ ಹೇಳುವುದು, ಆಮೇಲೆ ಎಣಿಸಿ ನೋಡುವುದು. ಸಾವಿರಕ್ಕೂ ಹೆಚ್ಚು ಸಲ ಮಾಡಿದರು, ಪಾಪ. ಮೂರು ನಾಲ್ಕು ಬಿದ್ದಾಗ ಒಮ್ಮೆಯೂ ತಪ್ಪಲಿಲ್ಲ. ಐದರಿಂದ ತಪ್ಪು ಶುರು, ಮುಂದೆ ಹೋದಷ್ಟೂ ಜಾಸ್ತಿ. ನೀವೂ ಮಾಡಿ ನೋಡಬಹುದು. ನಾಲ್ಕು ಕಾಳು "ನಾಲ್ಕು" ಅಂತಲೇ ಕಣ್ಣಿಗೆ ಬೀಳುತ್ತವೆ, ಆರು ಬಿದ್ದರೆ ಒಳಗೆ ಏನೋ ಒಂದು ಕ್ಷಣ ತಡವರಿಸುತ್ತದೆ, ಮೂರು ಮೂರಾಗಿ ಒಡೆದುಕೊಳ್ಳುತ್ತದೆ.

ಗೆರೆ ಎಳೆದು ಬರೆಯುವ ಹಳೆಯ ಅಂಕೆಗಳೂ ನಾಲ್ಕರ ಹತ್ತಿರವೇ ದಾರಿ ಬದಲಿಸುತ್ತವೆ. ಬ್ರಾಹ್ಮಿ ಲಿಪಿಯಲ್ಲಿ ಒಂದು, ಎರಡು, ಮೂರು ಅಂದರೆ ಅಷ್ಟೇ ಅಡ್ಡಗೆರೆಗಳು, ನಾಲ್ಕಕ್ಕೆ ಕೂಡುವ ಗುರುತಿನಂಥ (+) ಬೇರೆ ಚಿಹ್ನೆ. ಚೀನೀ ಬರಹದಲ್ಲೂ ಮೂರರವರೆಗೆ ಗೆರೆ, ನಾಲ್ಕಕ್ಕೆ ಬೇರೆ ಚಿಹ್ನೆ. ಜೇನುನೊಣಗಳು ಕೂಡ ದಾರಿಯ ಗುರುತುಗಳನ್ನು ನಾಲ್ಕರವರೆಗೆ ಎಣಿಸಬಲ್ಲವು ಅಂತ 2008ರ ಪ್ರಯೋಗವೊಂದು ತೋರಿಸಿತು. 2023ರಲ್ಲಿ ಜರ್ಮನಿಯ ಸಂಶೋಧಕರು, ಮೂರ್ಛೆರೋಗದ ಚಿಕಿತ್ಸೆಗಾಗಿ ಮಿದುಳಿನಲ್ಲಿ ತಂತಿ ಇಡಿಸಿಕೊಂಡಿದ್ದ ಜನರ ಒಂದೊಂದೇ ನರಕೋಶದ ಮಾತು ಕೇಳಿಸಿಕೊಂಡರು. ಸಣ್ಣ ಸಂಖ್ಯೆಗಳಿಗೆ ನರಕೋಶಗಳು ಚುರುಕಾಗಿ, ಖಚಿತವಾಗಿ ಮಿಡಿಯುತ್ತವೆ. ಅದಕ್ಕಿಂತ ದೊಡ್ಡವಕ್ಕೆ ಮಸುಕು ಮಸುಕು. ಗಡಿ ಇದ್ದದ್ದು ನಾಲ್ಕರ ಹತ್ತಿರ. ಇದರಿಂದ ಪ್ರಜ್ಞೆ ಅಂದರೇನು ಅಂತ ಗೊತ್ತಾಗುವುದಿಲ್ಲ. ಅದರ ಒಂದು ನೋಟಕ್ಕೆ ಎಷ್ಟು ಹಿಡಿಸುತ್ತದೆ ಅಂತ ಗೊತ್ತಾಗುತ್ತದೆ, ಅಷ್ಟೇ.

ನನ್ನ ಗ್ರಂಥವನ್ನು ಯಾರಾದರೂ ಲ್ಯಾಬಿಗೆ ಕೊಂಡೊಯ್ದರೆ? ಹಳೆಯ ಖಾಲಿ ಓಲೆ ಸಿಕ್ಕರೆ ಕಾರ್ಬನ್ ಪರೀಕ್ಷೆಯನ್ನು ದಾಟಬಹುದು, ಅದು ಓಲೆಯ ವಯಸ್ಸು ಹೇಳುತ್ತದೆಯೇ ಹೊರತು ಬರೆದವನದ್ದಲ್ಲ. ಸಿಕ್ಕಿಬೀಳುವುದು ಶಾಯಿಯಲ್ಲಿ. ಕೊಲಂಬಸನಿಗೂ ಮೊದಲೇ ಯುರೋಪಿನವರಿಗೆ ಅಮೆರಿಕ ಗೊತ್ತಿತ್ತು ಅಂತ ತೋರಿಸುವ, ಯೇಲ್ ವಿಶ್ವವಿದ್ಯಾಲಯದ ವಿನ್‌ಲ್ಯಾಂಡ್ ನಕ್ಷೆಗೆ ಆದದ್ದು ಅದೇ. ಚರ್ಮದ ಹಾಳೆ ನಿಜವಾಗಿಯೂ 15ನೇ ಶತಮಾನದ್ದು, ಶಾಯಿಯಲ್ಲಿ ಮಾತ್ರ 1920ರ ದಶಕದಿಂದ ಬಳಕೆಗೆ ಬಂದ ಟೈಟಾನಿಯಂ ಬಿಳಿ. 2021ರಲ್ಲಿ ಅದು ನಕಲಿ ಅಂತ ಯೇಲ್‌ನವರೇ ಹೇಳಿದರು.

ಅಸಲಿ ಹೇಗಿರುತ್ತದೆ ಅಂದರೆ, 1881ರಲ್ಲಿ ಪೇಶಾವರದ ಹತ್ತಿರ ನೆಲ ಅಗೆಯುವಾಗ ಸಿಕ್ಕ ಬಕ್ಷಾಲಿ ಹಸ್ತಪ್ರತಿಯ ಹಾಗೆ. ಭೂರ್ಜ ಮರದ ತೊಗಟೆಯ 70 ಹಾಳೆ, ಸೊನ್ನೆಯ ಜಾಗಕ್ಕೆ ಒಂದು ಚುಕ್ಕಿ. 2017ರಲ್ಲಿ ಮೂರು ಹಾಳೆಗಳ ವಯಸ್ಸು ನೋಡಿದರೆ ಮೂರೂ ಬೇರೆ ಬೇರೆ ಶತಮಾನ ತೋರಿಸಿದವು, ವಿದ್ವಾಂಸರ ಜಗಳ ಶುರುವಾಯಿತು. ಒಳಗಿರುವುದು ಭಿನ್ನರಾಶಿ, ವರ್ಗಮೂಲ, ವ್ಯವಹಾರದ ಲೆಕ್ಕ.

ಇದನ್ನೆಲ್ಲ ಗೆಳೆಯನಿಗೆ ಹೇಳಿದೆ, ಬರೆದದ್ದು ನಾನೇ ಅಂತಲೂ ಹೇಳಿದೆ. ಸ್ವಲ್ಪ ಬೇಜಾರಾದ. ಆಮೇಲೆ ಒಂದು ಸಲಹೆ ಕೊಟ್ಟ, "ಮೂರೇ ಸಾಲು ಇದೆ ಅನ್ನಬೇಡ. ಉಳಿದ ಆರು ಕಳೆದುಹೋಗಿವೆ ಅನ್ನು."