ಜೋರ್ಡನ್ ಕುಣಿತ, ಎಡಿಟಿಂಗ್ ಟೇಬಲ್‌ನಿಂದ ನೋಡಿದ್ರೆ

ಎಡಿಟಿಂಗ್ ಕಲಿಯೋಕೆ ಬರೋ ಹುಡುಗರಿಗೆ ಮೊದಲ ವಾರಾನೇ ನಾನೊಂದು ಕ್ಲಿಪ್ ಹಾಕ್ತೀನಿ, ಸೌಂಡ್ ಆಫ್ ಮಾಡಿ. ಪಾಳು ಜಾಗ, ಬೆಂಕಿ ಉರೀತಿದೆ, ಪಕ್ಕದಲ್ಲಿ ಬ್ಯಾಲೆ ಡ್ರೆಸ್ ಹಾಕ್ಕೊಂಡ ಹುಡುಗಿಯೊಬ್ಬಳು ಕುಣೀತಿದಾಳೆ, ಆದ್ರೆ ತಡವರಿಸ್ಕೊಂಡು, ತುಂಡುತುಂಡಾಗಿ. ಪ್ರತಿ ಬ್ಯಾಚಲ್ಲೂ ಒಬ್ಬ ಕೇಳೇ ಕೇಳ್ತಾನೆ, ಸಾರ್ ಫೈಲ್ ಕರಪ್ಟ್ ಆಗಿದ್ಯಾ ಅಂತ.

ಇಲ್ಲ ಕಣಪ್ಪ, ಅದು ಜೋರ್ಡನ್, 70ರ ದಶಕದ ಲಂಡನ್ನಲ್ಲಿ ಎದ್ದ ಪಂಕ್ ಅನ್ನೋ ಬಂಡಾಯದ ಸಂಗೀತ, ಉಡುಪಿನ ಅಲೆಯ ಹೆಸರಾಂತ ಮುಖ. ನಿಜವಾದ ಹೆಸರು ಪಮೇಲಾ ರೂಕ್, 1955ರಲ್ಲಿ ಹುಟ್ಟಿದ್ದು, ಇಂಗ್ಲೆಂಡಿನ ದಕ್ಷಿಣ ತೀರದ ಸೀಫೋರ್ಡ್‌ನವಳು, ಚಿಕ್ಕವಯಸ್ಸಲ್ಲಿ ಬ್ಯಾಲೆ ಕಲ್ತಿದ್ಲು. ಆಮೇಲೆ ಲಂಡನ್ನಿನ ಕಿಂಗ್ಸ್ ರೋಡಲ್ಲಿ ಫ್ಯಾಷನ್ ಡಿಸೈನರ್ ವಿವಿಯನ್ ವೆಸ್ಟ್‌ವುಡ್ ಬಟ್ಟೆ ಅಂಗಡೀಲಿ ಕೆಲಸ, ದಿನಾ ಊರಿಂದ ಟ್ರೇನಲ್ಲಿ ಓಡಾಟ, ಆ ಕೂದಲು, ಆ ಮೇಕಪ್, ಆ ಬಟ್ಟೆ ನೋಡಿ ಜನ ಜಗಳಕ್ಕೇ ಬರ್ತಿದ್ರಂತೆ, ಕೊನೆಗೆ ರೈಲ್ವೆಯವರೇ ಫಸ್ಟ್ ಕ್ಲಾಸಲ್ಲಿ ಕೂರಿಸ್ತಿದ್ರು.

ಬ್ರಿಟಿಷ್ ನಿರ್ದೇಶಕ ಡೆರೆಕ್ ಜಾರ್ಮನ್ ಕಣ್ಣಿಗೆ ಬಿದ್ದದ್ದು ಈ ಅವತಾರವೇ. 1976ರ ಸೆಬಾಸ್ಟಿಯಾನ್ ಇಡೀ ಲ್ಯಾಟಿನ್‌ನಲ್ಲಿರೋ ಸಿನಿಮಾ, ಅದರಲ್ಲಿ ಒಂದು ಚಿಕ್ಕ ಪಾತ್ರ. 1977ರಲ್ಲಿ ಈ ಕುಣಿತ, ಸೂಪರ್ 8ನಲ್ಲಿ, ಅಂದ್ರೆ ಮನೆ ಸಿನಿಮಾಗೆ ಬಳಸ್ತಿದ್ದ ಸಣ್ಣ ಫಿಲಂನಲ್ಲಿ. 1978ರಲ್ಲಿ ಜುಬಿಲಿ ಅನ್ನೋ ಸಿನಿಮಾ.

ಈಗ ತಡವರಿಕೆ ವಿಷ್ಯಕ್ಕೆ ಬರ್ತೀನಿ. ಸೂಪರ್ 8 ಕಾರ್ಟ್ರಿಜ್ಜಲ್ಲಿ 50 ಅಡಿ ಫಿಲಂ, ಅಂದ್ರೆ 3,600 ಫ್ರೇಮು. ಸೆಕೆಂಡಿಗೆ 18 ಫ್ರೇಮ್ ಲೆಕ್ಕದಲ್ಲಿ 3 ನಿಮಿಷ 20 ಸೆಕೆಂಡಿಗೆ ಖಾಲಿ. ಜಾರ್ಮನ್ ತನ್ನ ಸೂಪರ್ 8 ಚಿತ್ರಗಳನ್ನ ಹೆಚ್ಚಾಗಿ ಸೆಕೆಂಡಿಗೆ 3ರಿಂದ 6 ಫ್ರೇಮ್ ವೇಗದಲ್ಲಿ ತೆಗೆದು ಪ್ರೊಜೆಕ್ಟರನ್ನೂ ಅಷ್ಟೇ ನಿಧಾನ ಓಡಿಸೋನು, 6 ಅಂದ್ರೆ ಅದೇ ರೀಲು 10 ನಿಮಿಷ ಬರುತ್ತೆ. ದುಡ್ಡೂ ಉಳೀತು. ಆದ್ರೆ ಗಮನಿಸಿ, ಇದು ನಾವು ಟೈಮ್‌ಲೈನಲ್ಲಿ ಮಾಡೋ ಸ್ಲೋ ಮೋಷನ್ ಅಲ್ಲ, ಕುಣಿಯೋಕೆ ಅವಳು ತಗೊಂಡ ಟೈಮೇ ನಮಗೂ ಸಿಗುತ್ತೆ, ಒಂದು ಹೆಜ್ಜೆಯಿಂದ ಇನ್ನೊಂದಕ್ಕೆ ಹೋಗೋ ದಾರಿ ಮಾತ್ರ ಮಾಯ, ಉಳಿಯೋದು ಭಂಗಿ. ನುರಿತ ನಟಿ ಆಗಿದ್ರೆ ನಷ್ಟವೇ, ಯಾಕಂದ್ರೆ ನಟನೆ ಇರೋದೇ ಆ ದಾರೀಲಿ. ಜೋರ್ಡನ್‌ಗೋ ಭಂಗಿಯೇ ಬಂಡವಾಳ!

ಜುಬಿಲಿಯಲ್ಲಿ ಮಾತಾಡ್ಬೇಕಾಗಿ ಬಂತು. ಒಂದನೇ ಎಲಿಜಬೆತ್ ರಾಣಿ ಭವಿಷ್ಯದ ಹಾಳುಬಿದ್ದ ಲಂಡನ್ ನೋಡೋ ಕಥೆ ಅದು, ಜೋರ್ಡನ್ ಅದರಲ್ಲಿ ಅಮೈಲ್ ನೈಟ್ರೇಟ್ ಅನ್ನೋ ಪಾತ್ರ, ತನ್ನದೇ ಧಾಟೀಲಿ ಇತಿಹಾಸ ಪಾಠ ಹೇಳೋಳು. ಸಂಭಾಷಣೆ ಹಾಜರಿ ಕೂಗಿದ ಹಾಗೆ ಸಪ್ಪೆ, ನಿಜ. ನನಗೇನೋ ಅದೇ ಸರಿ ಅನ್ಸುತ್ತೆ, ಅಷ್ಟೆಲ್ಲ ಹಿಂಸೆ ಇರೋ ಸಿನಿಮಾಗೆ ಭಾವ ತುಂಬಿ ಹೇಳಿದ್ರೆ ಕೂತು ನೋಡೋಕಾಗ್ತಿರ್ಲಿಲ್ಲ. ವೆಸ್ಟ್‌ವುಡ್‌ಗೆ ಸಿನಿಮಾ ಎಷ್ಟು ಹಿಡಿಸ್ಲಿಲ್ಲ ಅಂದ್ರೆ ಜಾರ್ಮನ್‌ಗೆ ಬೈದು ಬರೆದ ಬಹಿರಂಗ ಪತ್ರಾನ ಟೀ ಶರ್ಟ್ ಮೇಲೇ ಪ್ರಿಂಟ್ ಹಾಕಿಸಿದ್ಲು, ಪಾಪ ಜೋರ್ಡನ್ ಇಬ್ಬರ ಕಡೆಯವಳೂ ಹೌದು.

ಬೆಳ್ಳಿತೆರೆ ನಂಟು ಹೆಚ್ಚುಕಮ್ಮಿ ಅಷ್ಟೇ. 80ರ ದಶಕದಲ್ಲಿ ಸೀಫೋರ್ಡ್‌ಗೆ ವಾಪಸ್, ಪ್ರಾಣಿ ಆಸ್ಪತ್ರೇಲಿ ನರ್ಸ್ ಕೆಲಸ, ಮನೇಲಿ ಬರ್ಮೀಸ್ ಬೆಕ್ಕು ಸಾಕಣೆ, 2022ರಲ್ಲಿ ತೀರಿಕೊಂಡಳು.

ಹೋದ ಬ್ಯಾಚಲ್ಲಿ ಒಬ್ಬ ಆ ಕ್ಲಿಪ್ಪಿಗೆ ಸಾಫ್ಟ್‌ವೇರಲ್ಲಿ ಮಧ್ಯದ ಫ್ರೇಮ್ ತುಂಬಿಸಿ ನೀಟಾಗಿ ಮಾಡ್ಕೊಂಡು ಬಂದಿದ್ದ. ನೋಡಿದ್ವಿ, ಸ್ಕೂಲ್ ಡೇ ಡ್ಯಾನ್ಸ್ ಥರ ಇತ್ತು. ಅವನೇ ನಕ್ಕು ಅನ್‌ಡೂ ಒತ್ತಿದ.